ಹೆಣ್ಣಿನ ಊರಿನಲ್ಲಿ ವಿಚಾರಿಸಿದ್ದು

ಹೆಣ್ಣಿನ ಊರಿನಲ್ಲಿ ವಿಚಾರಿಸದೆ ನಮ್ಮ ಮನೆತನದಲ್ಲಿ ಯಾರೂ ಸೊಸೆ ತಂದಿಲ್ಲ. ನನ್ನನ್ನು ನೋಡಲು ಬರುವ ಮೊದಲು ನಮ್ಮತ್ತೆ ಮೈಸೂರಿನ ನಮ್ಮ ಬೀದಿಯ ಹಾಲಿನವನನ್ನೂ ಬಿಡದೆ ಕೇಳಿದ್ದರಂತೆ. ಈಗ ನನ್ನ ಮಗ ಫೈಜ್, ಇಲ್ಲಿ ಅಮೆರಿಕದ ಪಿಸ್ಕಾಟವೇಯಲ್ಲಿ ತನ್ನ ಜೊತೆ ಓದಿದ ರೋಜ್ದಾ ಎಂಬ ಕುರ್ದಿಷ್ ಹುಡುಗಿಯನ್ನೇ ಮದುವೆಯಾಗುತ್ತೇನೆ ಎಂದು ಕೂತಿದ್ದ. ನಾನು ಹೂಂ ಅಂದರೆ ನಿಕಾಹ್, ಇಲ್ಲದಿದ್ದರೆ ಇಲ್ಲ. ಆಯಿತಪ್ಪ, ವಿಚಾರಿಸುವುದು ಯಾರನ್ನು?

ಅವಳ ಊರು ಟರ್ಕಿಯ ಪೂರ್ವದ ಬೆಟ್ಟಗಳಲ್ಲಿದೆ. ಇಂಟರ್‌ನೆಟ್‌ನಲ್ಲಿ ನೋಡಿದರೆ ಒಂದು ಕಡೆ ಜನಸಂಖ್ಯೆ ಹದಿನಾಲ್ಕು, ಇನ್ನೊಂದು ಕಡೆ ಇನ್ನೂರಕ್ಕೂ ಮೇಲೆ. ಸರ್ಕಾರದ ನಕ್ಷೆಯಲ್ಲಿ ಒಂದು ಹೆಸರು, ಊರಿನವರ ಬಾಯಲ್ಲಿ ಇನ್ನೊಂದು. ಇಲ್ಲೇ ಹತ್ತಿರದ ಪ್ಯಾಟರ್ಸನ್‌ನ ತಮ್ಮ ಮನೆಯಲ್ಲಿ ಅವಳ ತಂದೆ ಟೀ ಬಗ್ಗಿಸುತ್ತಾ "ಎಂಬತ್ತು ಮನೆ" ಎಂದರು. ಇಳಿಜಾರಿನಲ್ಲಿ ಮಣ್ಣಿನ ಮನೆಗಳಂತೆ, ಕೆಳಗಿನವರ ಮಾಳಿಗೆಯೇ ಮೇಲಿನವರ ಅಂಗಳವಂತೆ, ಸುತ್ತ ಅಕ್ರೋಟ್ ಮರಗಳಂತೆ. ಈಗ ಎಷ್ಟು ಮನೆಯಲ್ಲಿ ಒಲೆ ಉರಿಯುತ್ತದೆ ಎಂದು ಕೇಳಿದರೆ ಆ ಮನುಷ್ಯ ಸಕ್ಕರೆ ಎಷ್ಟು ಹಾಕಲಿ ಎನ್ನಬೇಕೆ! ಯಾ ಅಲ್ಲಾ, ನನ್ನ ತಲೆ ಕೆಟ್ಟು ಗೊಬ್ಬರವಾಯಿತು.

ತೊಂಬತ್ತರ ದಶಕದ ಕುರ್ದಿಷ್ ಹೋರಾಟದ ಕಾಲದಲ್ಲಿ ಸೈನ್ಯ ಊರನ್ನು ಖಾಲಿ ಮಾಡಿಸಿತ್ತೆಂದು ರೋಜ್ದಾ ಆಮೇಲೆ ಹೇಳಿದಳು. ಎಷ್ಟೋ ವರ್ಷದ ನಂತರ ಕೆಲವು ಮುದುಕರು ಮಾತ್ರ ಹಿಂದಿರುಗಿದರಂತೆ. ದೂರ ಇರುವವರು ಇವತ್ತಿಗೂ ಎಲ್ಲರನ್ನೂ ಸೇರಿಸಿಯೇ ಲೆಕ್ಕ ಹೇಳುತ್ತಾರಂತೆ.

"ಹಂಗಾದ್ರೆ ಊರು ಇದೆಯೋ ಇಲ್ವೋ?" ಎಂದೆ ನನ್ನ ಗಂಡ ಪೀರ್ ಅಹ್ಮದರಿಗೆ.

"ಇದೆ. ಇಲ್ಲ. ನಂಗೂ ಕನ್‌ಫ್ಯೂಸ್ ಆಗ್ತಿದೆ ನಯೀಮಾ, ಹೂಂ ಅಂದ್ಬಿಡು" ಎಂದರು ಪುಣ್ಯಾತ್ಮ.

ನಾನು ಬಿಡಲಿಲ್ಲ. ಕೊನೆಗೆ ರೋಜ್ದಾಳೇ ನಮ್ಮ ಮನೆಗೆ ಬಂದು, ಊರಿನಲ್ಲಿ ಅವಳ ಪಕ್ಕದ ಮನೆಯ ಗುಲೇ ಅಜ್ಜಿಗೆ ವಿಡಿಯೋ ಕಾಲ್ ಮಾಡಿದಳು. ಅಜ್ಜಿಗೆ ಕುರ್ದಿಷ್ ಬಿಟ್ಟು ಬೇರೆ ಬಾರದು. ನಮಗೆ ಅದರಲ್ಲಿ ಒಂದಕ್ಷರ ಬಾರದು. ಅನುವಾದ ಮಾಡುವವಳು ಯಾರು? ರೋಜ್ದಾ! ಕಳ್ಳನ ಕೈಗೇ ಬೀಗದ ಕೈ ಕೊಟ್ಟ ಹಾಗಾಯಿತು. ಬೇರೆ ದಾರಿ ಕಾಣದೆ, "ಹುಡುಗಿ ಹೇಗೆ ಅಂತ ಕೇಳಮ್ಮ" ಎಂದೆ.

ಅಜ್ಜಿ ಹಲ್ಲಿಲ್ಲದ ಬಾಯಿ ತುಂಬ ಮಾತಾಡಿತು. ಕೈ ಬೀಸಿತು, ನಕ್ಕಿತು, ಇದ್ದಕ್ಕಿದ್ದಂತೆ ಗದರಿತು. ರೋಜ್ದಾಳ ಮುಖ ಕೆಂಪಾಯಿತು. ಆದರೂ ಒಂದೊಂದನ್ನೇ ಇಂಗ್ಲಿಷಿನಲ್ಲಿ ನಮಗೆ ಹೇಳುತ್ತಾ ಹೋದಳು.

"ಇವಳು ಹಠಮಾರಿ ಅಂತಿದ್ದಾರೆ. ನಾನು ಏಳು ವರ್ಷದವಳಿದ್ದಾಗ ರಜಕ್ಕೆ ಹೋಗಿ ಅವರ ಆಡುಗಳನ್ನೆಲ್ಲ ದೊಡ್ಡಿಯಿಂದ ಬಿಟ್ಟುಬಿಟ್ಟೆನಂತೆ. ಇದ್ದ ಮುದುಕರೆಲ್ಲ ಅವನ್ನು ಹುಡುಕುತ್ತಾ ಬೆಟ್ಟ ಸುತ್ತಿದರಂತೆ. ರೊಟ್ಟಿ ಸುಡೋಕೆ ಬರಲ್ಲ. ಎದುರು ಮಾತಾಡ್ತಾಳೆ. ನಿಮಗೆ ಸುಮ್ಮನಿರೋ ಸೊಸೆ ಬೇಕಿದ್ರೆ... ಬೇರೆ ಕಡೆ ನೋಡಿ ಅಂತಿದ್ದಾರೆ."

ಫೈಜ್ "ಓ ಮೈ ಗಾಡ್, ರೋಜ್" ಎಂದು ತಲೆ ಹಿಡಿದುಕೊಂಡ. "ಯೂ ಡಿಡಂಟ್ ಹ್ಯಾವ್ ಟು ಸೇ ದಟ್!"

"ಅವರು ಕೇಳಿದ್ದು ಅಜ್ಜಿಯನ್ನ" ಎಂದಳು ಹುಡುಗಿ. ಕಣ್ಣಲ್ಲಿ ನೀರು ತುಂಬಿತ್ತು.

ತಾನು ಚಿನ್ನದಂಥವಳೆಂದು ಅಜ್ಜಿ ಹೇಳಿತು ಅಂತ ರೋಜ್ದಾ ಸುಳ್ಳು ಹೇಳಿದ್ದರೂ ನಾವು ನಂಬುತ್ತಿದ್ದೆವು. ಹಿಡಿಯುವವರು ಯಾರಿದ್ದರು? ಸಿಟ್ಟು ಬಂತು, ಅಳುವೂ ಬಂತು, ಯಾರ ಮೇಲೆ ಅಂತ ಗೊತ್ತಾಗಲಿಲ್ಲ. ಅಜ್ಜಿ ಆ ಕಡೆಯಿಂದ ನನ್ನನ್ನೇ ನೋಡುತ್ತಿತ್ತು.

"ಅಜ್ಜಿಗೆ ಹೇಳು, ನಿನ್ನನ್ನ ನಮ್ಮನೆಗೆ ಕಳಿಸಿಕೊಡಲಿ ಅಂತ" ಎಂದೆ.

ರೋಜ್ದಾ ಬಾಯಿ ತೆರೆದಳು. ಅದೊಂದನ್ನು ಮಾತ್ರ ಅವಳಿಗೆ ಅನುವಾದ ಮಾಡಲಾಗಲಿಲ್ಲ.