ಮಿನಿಬಾಶ್ ನಾಯಕನ ವೀರಚರಿತ್ರೆ

ವಸಾಹತು ಕಾಲದ ಬಗ್ಗೆ ನಮ್ಮ ವರ್ನನಣ್ಣ ಎರಡು ಪುಸ್ತಕ ಬರೆದಿದ್ದ. ಟೊರಾಂಟೊದಲ್ಲಿ ಅವನ್ನು ಓದಿ ಅತ್ತವರೂ ಇದ್ದಾರಂತೆ. ಕೆನಡಾದ ಸರೋವರದ ನಡುವಿನ ನಮ್ಮ ದ್ವೀಪದಲ್ಲಿ ಓದಿದವಳು ನಾನೊಬ್ಬಳೇ, ಅದೂ ಇಲ್ಲಿನ ಗ್ರಂಥಾಲಯ ನೋಡಿಕೊಳ್ಳುವ ಕರ್ಮಕ್ಕೆ.

ಮೂರನೆಯದು ನಮ್ಮ ಕೊಲ್ಲಿಯದೇ ಕಥೆ. ನಮ್ಮ ಜನರ ಬಗ್ಗೆ ಯಾರೇ ಬರೆಯಲಿ, ಊರ ಹಿರಿಯರೊಬ್ಬರು ಕೇಳಿ, ಒಪ್ಪಿ, ಸಹಿ ಹಾಕಬೇಕು. ಇದು ನಮ್ಮ ಬುಡಕಟ್ಟಿನ ಕೌನ್ಸಿಲ್ಲಿನ ಕಟ್ಟಳೆ. ಸೋಮವಾರ ಅಚ್ಚು. ಶನಿವಾರ ಬೆಳಿಗ್ಗೆ ಅಣ್ಣ ಹಸ್ತಪ್ರತಿ ಹೊತ್ತು ಫಿಲೊಮೀನ್ ಅಜ್ಜಿಯ ಅಡುಗೆಮನೆಗೆ ಬಂದ. ಸಹಿಗಿಂತ ಹೆಚ್ಚಾಗಿ ಅವನಿಗೆ ಬೇಕಿದ್ದದ್ದು ಅಜ್ಜಿಯ ಬಾಯಿಂದ ಒಂದು ‘ಭೇಷ್’. ಪಾಪ, ನಗರದಲ್ಲಿ ಬೆಳೆದವನು, ನಮ್ಮ ಮೂಲನಿವಾಸಿಗಳ ಅನಿಶಿನಾಬೆ ಮಾತನ್ನು ನಿಘಂಟಿನಿಂದ ಕಲಿತವನು. ಅಜ್ಜಿ ಅವನನ್ನು ಇನ್ನೂ ‘ನೆಂಟ’ ಎಂದೇ ಕರೆಯುತ್ತಿದ್ದಳು.

“ಅಜ್ಜಿ, ಸಾವಿರದೆಂಟುನೂರ ಅರವತ್ತೊಂದು. ಸರ್ಕಾರದ ಏಜೆಂಟ್ ಒಬ್ಬ ನಮ್ಮ ಕಾಡು ಬರೆಸ್ಕೊಳ್ಳೋಕೆ ಒಪ್ಪಂದದ ಕಾಗದ ತಂದ. ಸಹಿ ಇಲ್ದೆ ವಾಪಸ್ ಹೋದ. ಯಾಕೆ ಹೇಳು? ಒಬ್ಬ ನಾಯಕ ಅಡ್ಡ ಬಂದ. ಮಿನಿಬಾಶ್!”

ಪುಸ್ತಕದ ರಟ್ಟಿನ ಚಿತ್ರ ತೋರಿಸಿದ. ಮಿನಿಬಾಶ್ ಎದೆ ಉಬ್ಬಿಸಿ, ದವಡೆ ಬಿಗಿದು, ಸರೋವರವನ್ನೇ ದುರುಗುಟ್ಟಿ ನೋಡುತ್ತಿದ್ದ.

ಅಜ್ಜಿಗೆ ಕಣ್ಣು ಮಂಜು. ಹಾಗಾಗಿ ಅಣ್ಣ ಹಸ್ತಪ್ರತಿಯಲ್ಲಿ ಸೇರಿಸಿದ್ದ ಏಜೆಂಟನ ದಿನಚರಿ ಓದುವ ಪಾತ್ರ ನನ್ನದಾಯಿತು. ಪಾತ್ರ ಸಿಕ್ಕಿದರೆ ಬಿಡುವವಳಲ್ಲ ನಾನು. ಮೂಗು ಹಿಡಿದು, ಗಂಟಲಿಗೆ ಗಂಜಿ ಹಾಕಿದಂತೆ ಸೆಟೆದುಕೊಂಡು ಶುರುಮಾಡಿದೆ:

“‘ಬುಧವಾರ. ಎಲ್ಲರೂ ಮೌನ. ಕೊನೆಗೆ ನನ್ನೆದುರು ಬಂದದ್ದು ಮಿನಿಬಾಶ್ ಕಿಮಿನಾ ಸೀಗನೀ ಬೀಟೂಸೀ ಜೀಗನೀ ಬಕ್ವೇ ಜಿಗನ್. ಇಂಥದ್ದನ್ನು ಎದುರಿಸಿದ್ದು ಇದೇ ಮೊದಲು. ಗುರುವಾರ. ಮತ್ತೆ ಮಿನಿಬಾಶ್, ಮೂರು ಸಲ. ನನ್ನ ದೃಢನಿಶ್ಚಯ ಕರಗಿತು. ಶುಕ್ರವಾರ. ಏಳಲಾಗಲಿಲ್ಲ. ಶನಿವಾರ. ದೋಣಿಯಲ್ಲಿ ಮಲಗಿಸಿ ಕಳಿಸಿದರು.’”

“ನೋಡಿದ್ಯಾ ಅಜ್ಜಿ? ಕೈ ಎತ್ತದೇನೇ ಸೋಲಿಸ್ದ!” ಅಣ್ಣನ ಕಣ್ಣು ತೇವವಾಗಿತ್ತು.

ಅಜ್ಜಿ ಚಹಾದ ಲೋಟ ಬಾಯಿಯ ಹತ್ತಿರವೇ ಹಿಡಿದಿದ್ದಳು. “ಆ ಹೆಸರು ಇನ್ನೊಂದ್ಸಲ ಓದೇ. ಮೂಗಿಂದ ಬೇಡ, ಬಾಯಿಂದ ಓದು. ಬೇಗ ಬೇಗ.”

ಮೂಗು ಬಿಟ್ಟೆ. ಏಜೆಂಟ್ ಸಿಕ್ಕಸಿಕ್ಕಲ್ಲಿ ಇಟ್ಟಿದ್ದ ಸಂದುಗಳನ್ನೂ ಬಿಟ್ಟೆ. “ಮೀನಿಬಾಶ್ಕಿಮಿನಸಿಗನಿಬೀಟೂಸಿಜಿಗನಿಬಕ್ವೆ...”

ನನ್ನ ನಾಲಿಗೆ ಅಲ್ಲೇ ನಿಂತಿತು. ಅಜ್ಜಿಯ ಚಹಾ ನಿಲ್ಲಲಿಲ್ಲ, ಮೂಗಿನಿಂದ ಹೊರಗೆ ಬಂತು.

“ನಮ್ಮ ಮಾತಲ್ಲಿ ಬ್ಲೂಬೆರಿ ಪೈ ಕಣೋ ಅದು!” ಅಜ್ಜಿ ಕೆಮ್ಮಿದಳು. “ ಹಣ್ಣು ಬೇಯಿಸಿ ಒಳಗೆ ತುಂಬಿದ ರೊಟ್ಟಿ!”

ಗುಟ್ಟು ರಟ್ಟಾಗುವುದನ್ನು ಕೇಳಿದ್ದೆ. ರಟ್ಟು ರೊಟ್ಟಿಯಾದದ್ದನ್ನು ಅವತ್ತೇ ನೋಡಿದ್ದು.

ಅಣ್ಣ ಕುರ್ಚಿಯಲ್ಲಿ ಕುಸಿದ. “ಎರಡು ವರ್ಷದ ಕೆಲಸ. ನಲವತ್ತು ಪುಟ. ಅವನ ಬಾಲ್ಯ ಬೇರೆ ಊಹಿಸಿ ಬರ್ದಿದೀನಿ.”

“ಬಾಲ್ಯದಲ್ಲಿ ಹಿಟ್ಟಾಗಿದ್ದ ಬಿಡಣ್ಣ,” ಎಂದೆ.

“ನೀನ್ ಸುಮ್ನಿರೇ! ಅಜ್ಜಿ, ಇಷ್ಟುದ್ದ ಹೆಸರು ಯಾರು ಬಿಡಿಸಿ ಓದ್ತಾರೆ? ಸಹಿ ಹಾಕ್ಬಿಡಜ್ಜಿ.”

ಅಜ್ಜಿ ಪೆನ್ನು ದೂರ ತಳ್ಳಿದಳು. “ಈ ದ್ವೀಪದಲ್ಲಿ ಹಸಿವಾದೋರೆಲ್ಲ ಓದ್ತಾರೆ.”

“ಹಾಗಾದ್ರೆ ಅಧ್ಯಾಯಾನೇ ಕಿತ್ತಾಕ್ತೀನಿ. ನಾಯಕನೇ ಇಲ್ಲ ಅಂದ್ಮೇಲೆ ಇನ್ನೇನಿದೆ?”

“ಕಾಗದದ ಮೇಲೆ ಸಹಿ ಬಿತ್ತೇನೋ?”

“ಇಲ್ಲ.”

“ಮತ್ತೆ? ರೊಟ್ಟಿ ತಾನಾಗೇ ನಡ್ಕೊಂಡು ಹೋಯ್ತಾ ಅವನ ಹತ್ರ? ಮಾಡಿದ್ದು ನಮ್ಮಜ್ಜಿಯ ತಾಯಿ, ಶಾರ್ಲೆಟ್. ‘ಇನ್ನೊಂದು ತುಂಡು ತಗೊಳ್ಳಿ ಸ್ವಾಮಿ, ಇನ್ನೊಂದೇ ತುಂಡು’ ಅಂತ ಎರಡು ದಿನ ಬಡಿಸಿದ್ಲಂತೆ. ಅವನು ಹೊಟ್ಟೆ ಹಿಡ್ಕೊಂಡು ಬಿದ್ದಾಗ ಕಾಗದ ಎತ್ತಿ ಒಲೆಗೆ ಹಾಕಿದ್ಲು. ಇಲ್ಲಿ ಹೆಂಗಸರೆಲ್ಲ ಹಿಟ್ಟು ಕಲಸ್ತಾ ಇದನ್ನೇ ಹೇಳ್ಕೊಂಡು ನಗ್ತಾರೆ.”

ಅಣ್ಣ ಕುರ್ಚಿ ಎಳೆದುಕೊಂಡು ಅಜ್ಜಿಯ ಹತ್ತಿರ ಸರಿದ. “ನಂಗೆ ಯಾಕೆ ಹೇಳ್ಲಿಲ್ಲ?”

“ಬಂದಾಗ್ಲೆಲ್ಲ ಯುದ್ಧ ಕೇಳ್ದೆ, ನಾಯಕರನ್ನ ಕೇಳ್ದೆ. ಎರಡು ಪುಸ್ತಕ ಬರ್ದಿದೀಯಲ್ಲ, ಅದ್ರಲ್ಲಿ ಒಬ್ಬರಾದ್ರೂ ಊಟ ಮಾಡಿದಾರೇನೋ?”

ಅಣ್ಣ ಯೋಚಿಸಿದ. ಎರಡೂ ಪುಸ್ತಕ ಸೇರಿ ಆರುನೂರು ಪುಟ. ಎಲ್ಲರೂ ಉಪವಾಸ. ಓದಿದವಳು ನಾನು, ಸಾಕ್ಷಿ ಹೇಳಬಲ್ಲೆ.

ಅವನು ನಲವತ್ತು ಪುಟಗಳನ್ನು ಮಗುಚಿ ಹಾಕಿ, ಖಾಲಿ ಬೆನ್ನಿನ ಮೇಲೆ ‘ಶಾರ್ಲೆಟ್’ ಎಂದು ಬರೆದ. ಆಮೇಲೆ ಪ್ರಕಾಶಕರಿಗೆ ಫೋನು ಮಾಡಿ, ಸೋಮವಾರ ಅಚ್ಚು ಬೇಡ, ನಾಯಕ ಇಲ್ಲ ಎಂದ.

“ಇಲ್ವಾ? ಏನಾಯ್ತು ಅವನಿಗೆ?” ಆ ಕಡೆಯ ಹೆಂಗಸಿನ ಕೀರಲು ದನಿ ನನಗೂ ಕೇಳಿಸಿತು.

“ಏಜೆಂಟ್ ತಿಂದ್ಬಿಟ್ಟ.”

ಆ ಕಡೆ ಏನೋ ಕೆಳಗೆ ಬಿದ್ದ ಸದ್ದು. “ವರ್ನನ್... ದಾಖಲೆ ಇದ್ಯಾ?”

“ಇದೆ. ಸ್ವಂತ ಕೈಯಾರೆ ಬರ್ದಿದಾನೆ.”

ಫೋನಿಟ್ಟು, ಪೆನ್ನಿನ ಮುಚ್ಚಳ ಹಲ್ಲಲ್ಲಿ ಕಚ್ಚಿಕೊಂಡು ಅಣ್ಣ ಅಜ್ಜಿಯತ್ತ ತಿರುಗಿದ. “ಹೇಳಜ್ಜಿ. ಹಿಟ್ಟು ಎಷ್ಟು?”

“ಮೊದ್ಲು ಕೈ ತೊಳ್ಕೊಂಡು ಬಾರೋ, ಮಗ,” ಎಂದಳು ಅಜ್ಜಿ.