ಉದ್ದ ಸೀಟಿ

"ಕಿವಿ ಹಚ್ಚಲೇ ರಂಡಿ. ಗಂಡನ ಎದಿಗೆ ಹಚ್ಚತಿದ್ದಿಲ್ಲೇನು, ಹಂಗ ಹಚ್ಚು."

ವಿರೂಪಾಕ್ಷಿಗೌಡ ತನ್ನ ಬೊಲೆರೊದ ನೆರಳು ಬಿಟ್ಟು ಈಚೆ ಬರಲಿಲ್ಲ. ಪಕ್ಕದಲ್ಲಿ ಬಳ್ಳಾರಿಯ ಗಣಿ ಇಲಾಖೆಯಿಂದ ಬಂದ ಸಾಹೇಬ ಕೊಡೆ ಹಿಡಿದು ನಿಂತಿದ್ದ. ಇಬ್ಬರ ಕಾಲಲ್ಲೂ ಬೂಟು ಇದ್ದವು. ಹಂಪಕ್ಕ ಬರಿಗಾಲಲ್ಲಿ ಬಿರುಕಿನ ಕಡೆ ನಡೆದಳು.

ಕುರುಗೋಡಿನಾಚೆಯ ಗೌಡನ ಕಲ್ಲು ಕ್ವಾರಿಯಲ್ಲಿ ಬಿರುಕು ಬಾಯಿಬಿಟ್ಟದ್ದು ಬೇಸಿಗೆಯಲ್ಲಿ, ಒಂದು ಸಿಡಿಮದ್ದು ಹಾರಿಸಿದ ಮೇಲೆ. ಮೊದಲು ಬಿಸಿ ಬಂತು, ಒಲೆಯ ಬಾಯಿಂದ ಬರುವ ಹಾಗೆ. ಆಮೇಲೆ ಸದ್ದು. ನೆಲದೊಳಗೆ ಯಾರೋ ಹಿಟ್ಟಿನ ಗಿರಣಿ ನಡೆಸಿದ ಹಾಗೆ ಹಗಲೂ ರಾತ್ರಿ ಗುಂಯ್‌ಗುಡುತ್ತಿತ್ತು. ಒಮ್ಮೊಮ್ಮೆ ಮಾತ್ರ ಅದು ಸೀಟಿ ಹೊಡೆಯುತ್ತಿತ್ತು. ಒಂದೇ, ಉದ್ದನೆಯ ಸೀಟಿ.

ಹಂಪಕ್ಕನ ಗಂಡ ಹುಲುಗೇಶನನ್ನು ತಿಂದದ್ದು ಅದೇ ಸೀಟಿ. ಕ್ವಾರಿಯಲ್ಲಿ ಬತ್ತಿಗೆ ಬೆಂಕಿ ಕೊಡುವ ಮುಂಚೆ ಗೌಡ ಮೂರು ಸಣ್ಣ ಸೀಟಿ ಊದುತ್ತಾನೆ. ಆಗ ಎಲ್ಲರೂ ಓಡಿ, ಮರೆಗೆಂದೇ ಬಿಟ್ಟಿರುವ ದೊಡ್ಡ ಬಂಡೆಯ ಹಿಂದೆ ಕೂರಬೇಕು. ಮದ್ದೆಲ್ಲ ಹಾರಿದ ಮೇಲೆ ಒಂದು ಉದ್ದ ಸೀಟಿ. ಆಗ ಎದ್ದು ಕೆಲಸಕ್ಕೆ ಬರಬೇಕು. ವರ್ಷಗಟ್ಟಲೆ ಕೇಳಿ ಕೇಳಿ ಅವರ ಮೊಣಕಾಲು ತಲೆಯನ್ನು ಕೇಳದೆ ತಾನೇ ಏಳುತ್ತಿತ್ತು. ಆ ದಿನ ಒಂದು ಮದ್ದು ಹಾರಿತ್ತು, ಇನ್ನೊಂದು ಬಾಕಿ ಇತ್ತು. ಉದ್ದ ಸೀಟಿ ಕೇಳಿತು. ಅಂಚಿಗೆ ಕೂತಿದ್ದ ಹುಲುಗೇಶ ಸುತ್ತಿಗೆ ಹೆಗಲಿಗಿಟ್ಟು ನಡೆದ. ಊದಿದ್ದು ಗೌಡನಲ್ಲ, ಬಿರುಕು.

"ನಾ ಸೀಟಿನಾ ಹೊಡದಿಲ್ಲ. ಕುಡದು ಎದ್ದು ಹ್ವಾದ ಸೂಳಿಮಗ," ಎಂದು ಗೌಡ ಊರಿಗೆಲ್ಲ ಹೇಳಿದ.

ಕಲ್ಲು ಸದ್ದು ಮಾಡುತ್ತದೆ ಎಂದಾದರೆ ಕ್ವಾರಿ ನಿಲ್ಲುತ್ತದೆ. ಸಾಹೇಬ ಅದನ್ನೇ ನೋಡಲು ಬಂದಿದ್ದ. ಸದ್ದಿಲ್ಲ ಎಂದಾದರೆ ಬಿರುಕಿನ ಬಾಯಿಗೇ ಮದ್ದಿನ ತೂತು ಕೊರೆಯಬೇಕು. ಕೊರೆಯುವ ಕೆಲಸ ಅವಳ ಮೈದುನ ಅಮರೇಶನದು. ಇದೆಲ್ಲ ಹಂಪಕ್ಕನಿಗೆ ಗೊತ್ತಿತ್ತು. ಬೆಳಿಗ್ಗೆ ಗೌಡ ಅವರು ವಾಸವಿದ್ದ ಶೆಡ್ಡಿನ ಮುಂದೆ ಜೆಸಿಬಿ ತಂದು ನಿಲ್ಲಿಸಿ, ಡ್ರೈವರನಿಗೆ ಚಹಾ ಕುಡಿಸುತ್ತ ನಿಂತಿದ್ದೂ ಗೊತ್ತಿತ್ತು.

ಅವಳು ಬಗ್ಗಿ ಕೆನ್ನೆ ಇಟ್ಟಳು. ಚರ್ಮ ಚುರ್ರೆಂದಿತು. ಸದ್ದು ಕಿವಿಯಿಂದ ಇಳಿದು ಹಲ್ಲುಗಳನ್ನು ಅಲುಗಿಸಿತು. ಗಂಡನ ಎದೆ ಅವಳಿಗೆ ನೆನಪಾಗಲಿಲ್ಲ. ಯಾವುದೂ ನೆನಪಾಗಲಿಲ್ಲ. ಹೆದರಿಕೆಯೊಂದೇ ಇತ್ತು.

"ನೋಡಮ್ಮ, ಹೆದರಬೇಡ," ಎಂದ ಸಾಹೇಬ ದೂರದಿಂದ. "ಏನಾದರೂ ಕೇಳುತ್ತಾ?"

"ಇಲ್ರೀ."

"ನನಗೇ ಏನೋ ಕೇಳಿದ ಹಾಗಿದೆಯಲ್ಲ ಗೌಡ್ರೆ."

"ಕಂಪ್ರೆಸರ್ ರೀ ಸಾಹೇಬ್ರ."

ತೂತು ಕೊರೆಯುವ ಕಂಪ್ರೆಸರ್ ಬೆಳಗಿನಿಂದ ಚಾಲೂ ಆಗಿರಲಿಲ್ಲ. ಸಾಹೇಬ ಅದರ ಕಡೆ ನೋಡಿದ, ಗೌಡನ ಕಡೆ ನೋಡಿದ. "ಸತ್ತವನ ಹೆಂಡತೀನೇ ಇಲ್ಲ ಅಂದ ಮೇಲೆ ಆಯಿತು ಬಿಡಿ," ಎಂದು ಕೊಡೆ ಮಡಚಿದ.

ಗೌಡ ಅರ್ಧ ನೀರಿದ್ದ ಬಾಟಲಿಯನ್ನು ಅವಳ ಕಾಲಬಳಿಗೆ ಎಸೆದ. "ಮಾರಿಗಿ ಹಾಕ್ಕ. ಬಾಟ್ಲಿ ತಿರುಗಿ ಕೊಡಬ್ಯಾಡ, ನಿಮ್ಮ ಕೇರ್ಯಾಗ ಇಟ್ಕ."

ಮಧ್ಯಾಹ್ನವೇ ಅಮರೇಶ ಎರಡು ತೂತು ಕೊರೆದು ಬಂದ. ಅಂಗಾಲಲ್ಲಿ ಬೊಬ್ಬೆ ಎದ್ದಿದ್ದವು. ಮೂರು ಸಣ್ಣ ಸೀಟಿ ಆಯಿತು. ಎಲ್ಲರೂ ಮರೆಬಂಡೆಯ ಹಿಂದೆ ಒತ್ತೊತ್ತಾಗಿ ಕೂತರು.

"ಅತ್ತಿಗಿ, ಕಿವಿ ಹೆಂಗ ಅದಾವ? ಬಳ್ಳಾರಿ ದವಾಖಾನಿಗಿ ಹೋಗಿ ತೋರಸೂನೇನು?" ಎಂದ ಅಮರೇಶ.

ಯಾರೋ ನಕ್ಕರು. ಅತ್ತೆ ಮೂಕಮ್ಮ ನಗಲಿಲ್ಲ. "ಒಬ್ಬನ್ನ ತಾನಾ ತಿಂತು ಅದು," ಎಂದಳು. "ಇನ್ನೊಬ್ಬನ್ನ ನೀ ಬಡಿಸಿ ಬಂದಿ."

ಹಂಪಕ್ಕ ಸೆರಗನ್ನು ಮುಖಕ್ಕೆ ಒತ್ತಿಕೊಂಡಳು. ಕೆನ್ನೆ ಊದಿ ಒಂದು ಕಣ್ಣು ಮುಚ್ಚಿತ್ತು.

ಮದ್ದು ಹಾರಿತು. ಚೂರುಗಳು ಬಂಡೆಯ ಆಚೆ ಉದುರಿದವು. ಇನ್ನೊಂದು ಹಾರಿತೋ ಇಲ್ಲವೋ, ಗುಂಯ್‌ಗುಡುವುದರಲ್ಲಿ ತಿಳಿಯಲಿಲ್ಲ. ಉದ್ದ ಸೀಟಿ ಕೇಳಿತು. ಅಮರೇಶನ ಮೊಣಕಾಲು ಎದ್ದವು. ಹಂಪಕ್ಕ ಅವನ ಅಂಗಿಯ ಹಿಂಬದಿ ಹಿಡಿದು ಜಗ್ಗಿದಳು.

"ಕುಂದ್ರು."

"ಗೌಡ್ರ ಸೀಟಿ ಅತ್ತಿಗಿ."

"ನಿಮ್ಮಣ್ಣನೂ ಹಂಗಾ ಅಂದಿದ್ದ."

ಮತ್ತೆ ಸೀಟಿ. ಯಾರೂ ಏಳಲಿಲ್ಲ. ಕೊನೆಗೆ ಗೌಡನೇ ಬಂಡೆಯನ್ನು ಬಳಸಿಕೊಂಡು ಬಂದ, ಕೊರಳಲ್ಲಿ ಸೀಟಿ ತೂಗುತ್ತಿತ್ತು.

"ಯಾಕ್ರಲೇ ಬೋಸುಡಿಮಕ್ಕಳ್ರಾ, ಕುಂಡಿಗಿ ಗೋಂದು ಹಚಗಂಡೀರೇನು? ನಾನಾ ಹೊಡದಿದ್ದು. ಏಳ್ರಲೇ."

ಹಂಪಕ್ಕನ ಕೈ ಅಮರೇಶನ ಅಂಗಿ ಬಿಟ್ಟಿರಲಿಲ್ಲ. ಅವಳು ತಲೆ ಎತ್ತದೆ ಹೇಳಿದಳು:

"ನನಗ ಏನೂ ಕೇಳಸಂಗಿಲ್ರಿ ಗೌಡ್ರ. ಮುಂಜಾನಿ ನಿಮ್ಮೆದುರಿಗೇ ಸಾಹೇಬ್ರಿಗಿ ಹೇಳೀನಲ್ಲ."

ಮೂಕಮ್ಮ ಅಂದಳು, "ನನಗೂ ಕೇಳಸವಲ್ದು." ಅವಳ ಹಿಂದಿನವನೂ ಅದನ್ನೇ ಅಂದ. ಅವನ ಪಕ್ಕದವಳೂ ಅಂದಳು. ಅಮರೇಶ ಕಾಲು ಮಡಚಿ ಕೂತ.

ಗೌಡ ಹಂಪಕ್ಕನ ಸೊಂಟಕ್ಕೆ ಒದ್ದ. ಅವಳು ವಾಲಿದಳು, ಏಳಲಿಲ್ಲ. "ನಿಮ್ಮವ್ವನ, ಒಂದು ಕಲ್ಲಿಗಿ ಹೆದರತೀರಲೇ," ಎಂದು ಉಗುಳಿದ. "ಅದರ ಬಾಯಾಗ ನಿಂತು ಊದತೀನಿ. ಏಳಲಿಲ್ಲಂದ್ರ ಸಂಜಿಗಿ ಶೆಡ್ಡು ಇರಂಗಿಲ್ಲ."

ಬೂಟಿನ ಸದ್ದು ದೂರವಾಯಿತು. ಸೀಟಿ ಮೊದಲಾಯಿತು. ಒಂದು, ಮತ್ತೊಂದು, ಸಿಟ್ಟಿನಿಂದ ಊದಿದ್ದು. ಅದರ ಕೆಳಗೆ ಗಿರಣಿಯ ಸದ್ದು ಏರುತ್ತ ಬಂತು. ಒರಗಿದ್ದ ಬಂಡೆ ಬೆನ್ನಿಗೆ ಬಿಸಿಯಾಗತೊಡಗಿತು. ಗೌಡನ ಸೀಟಿ ನಡುವೆಯೇ ತುಂಡಾಯಿತು.

ಆಮೇಲೆ ಬಂದದ್ದು ಒಂದೇ, ಉದ್ದನೆಯದು. ಮನುಷ್ಯನ ಉಸಿರು ಮುಗಿಯುವಲ್ಲಿ ಅದು ಮುಗಿಯಲಿಲ್ಲ. ಅಮರೇಶನ ಮೊಣಕಾಲು ತಾನಾಗಿ ನೆಟ್ಟಗಾಗಲು ನೋಡಿದವು. ಹಂಪಕ್ಕ ಅವುಗಳ ಮೇಲೆ ಎರಡೂ ಕೈ ಊರಿ, ಮೈಭಾರವನ್ನೆಲ್ಲ ಹಾಕಿ ಕೂತಳು. ಬಂಡೆಯಾಚೆ ಇಣುಕಿ ನೋಡಲು ಯಾರೂ ಏಳಲಿಲ್ಲ.