ನೀರು ಸೋರುತ್ತಿದ್ದ ಹಸಿ ಮರಳು

ನಾನು ಟೈಪು ಮಾಡಲು ಕೂರುತ್ತಿದ್ದ ಕಿಟಕಿಯಿಂದ ಒಂದು ಗೂಡ್ಸ್ ಆಟೊ ಕಾಣುತ್ತಿತ್ತು. ಅದರ ಹಿಂಭಾಗದಲ್ಲಿ ಹನ್ನೆರಡು ಚೀಲ ಮರಳು. ಬಿರಿದ ಚೀಲವೊಂದರಲ್ಲಿ ಎಲ್ಲಿಂದಲೋ ಬಿದ್ದ ಹುರುಳಿ ಮೊಳೆತಿತ್ತು. ನಮ್ಮ ತಾಲ್ಲೂಕು ಕಚೇರಿಯ ಹಿಂದಿನ ಬಯಲಲ್ಲಿ ಜಪ್ತಾದ ವಾಹನಗಳು ಬೇಕಾದಷ್ಟಿದ್ದವು. ನನ್ನ ಕಣ್ಣು ಹೋಗುತ್ತಿದ್ದದ್ದು ಅದೊಂದರ ಮೇಲೆಯೇ.

ಅದು ಮೈಲಾರಪ್ಪನದು. ಹೊಳೆಯ ಮರಳನ್ನು ಕದ್ದು ಸಾಗಿಸುತ್ತಿದ್ದನೆಂದು ಹಿಡಿದು ತಂದಿದ್ದರು. ಆ ದಿನ ಅವನು ಅಂಗೈ ತುಂಬ ಮರಳು ಹಿಡಿದು ನನ್ನ ಮೇಜಿನ ಮುಂದೆ ನಿಂತಿದ್ದ.

"ಅಕ್ಕಾರೆ, ನಮ್ಮಕ್ಕನ ಮನಿ ಕಟ್ಟಿ ಉಳಿದಿದ್ದು ಇದು. ವರ್ಷದಿಂದ ಹಿತ್ತಲದಾಗೆ ಬಿದ್ದಿತ್ತು. ಮುಟ್ಟಿ ನೋಡ್ರಿ, ರವೆ ಉದುರಿದಂಗೆ ಉದುರ್ತತಿ."

"ಸಾಹೇಬರಿಗೆ ಹೇಳಪ್ಪ. ನಾನು ಬರೆಯೋಳು ಅಷ್ಟೆ," ಎಂದೆ, ತಲೆ ಎತ್ತದೆ.

"ಬರೆಯೋರು ನೀವೇ ಅಲ್ಲೇನ್ರಿ ಮತ್ತೆ!"

ಅಷ್ಟರಲ್ಲಿ ಶಾಲೆಯಿಂದ ಫೋನು ಬಂತು. ಮಗಳಿಗೆ ಜ್ವರ, ಬಂದು ಕರೆದುಕೊಂಡು ಹೋಗಿ ಎಂದರು. ಮನೆಯಲ್ಲಿ ನನ್ನನ್ನು ಬಿಟ್ಟರೆ ಅವಳಿಗೆ ಯಾರೂ ಇರಲಿಲ್ಲ. ವಾಹನ ಹಿಡಿದಾಗ ಕಂಡದ್ದನ್ನು ಸಾಕ್ಷಿಗಳ ಮುಂದೆ ಬರೆದಿಡುವ ಮಹಜರು ಮಾತ್ರ ಅಂದೇ ಮುಗಿಯಬೇಕಿತ್ತು. ನಮ್ಮಲ್ಲೊಂದು ರೂಢಿ: ಹಳೆಯ ಮಹಜರನ್ನು ಎದುರಿಗಿಟ್ಟುಕೊಂಡು ಹೆಸರು, ಗಾಡಿಯ ನಂಬರು, ತಾರೀಕು ಮಾತ್ರ ಬದಲಿಸುವುದು. ಹಾಗೇ ಬದಲಿಸಿದೆ. ‘ವಾಹನದಿಂದ ನೀರು ಸೋರುತ್ತಿದ್ದು, ಹಸಿ ಮರಳೆಂದು ಕಂಡುಬಂದಿರುತ್ತದೆ’ ಎಂಬ ಸಾಲು ಇದ್ದ ಹಾಗೇ ಇಳಿಯಿತು. ಸಾಕ್ಷಿಗಳು ಓದದೆ ಸಹಿ ಹಾಕಿದರು. ನಾನು ಶಾಲೆಗೆ ಓಡಿದೆ.

ಹಸಿ ಮರಳೆಂದರೆ ಆಗಷ್ಟೇ ಹೊಳೆಯಿಂದ ಎತ್ತಿದ್ದು ಎಂದರ್ಥ. ಸಾಹೇಬರು ಆಟೊ ಬಿಡಲು ಒಪ್ಪಲಿಲ್ಲ, ಮೇಲಿನವರೂ ಒಪ್ಪಲಿಲ್ಲ. ಅದನ್ನು ಓಡಿಸಿಯೇ ಸಂಸಾರ ಸಾಗಿಸುತ್ತಿದ್ದ ಮೈಲಾರಪ್ಪ ಸಂತೆಯಲ್ಲಿ ಹಮಾಲಿಗೆ ನಿಂತ, ಹೈಕೋರ್ಟಿಗೆ ಅರ್ಜಿ ಹಾಕಿದ. ಚೀಲದ ಹುರುಳಿ ಒಣಗಿ, ಕಾಯಿ ಒಡೆದು, ಮತ್ತೆ ಮೊಳೆಯಿತು. ಹೀಗೆ ಎರಡು ವರ್ಷ.

ಆದೇಶ ಬಂದ ದಿನ ಹೆಡ್ ಕ್ಲಾರ್ಕ್ ಗುರುಶಾಂತಪ್ಪನವರು ಅದನ್ನು ಎಲ್ಲರೆದುರು ಓದಿದರು. ಆಟೊ ಹಿಡಿದ ತಿಂಗಳು ಹೊಳೆ ಪೂರ್ತಿ ಬತ್ತಿ, ಊರಿಗೆ ಟ್ಯಾಂಕರಿನಲ್ಲಿ ನೀರು ಕೊಡಲಾಗುತ್ತಿತ್ತೆಂಬ ನಮ್ಮ ಕಚೇರಿಯದೇ ಪತ್ರವನ್ನು ಮೈಲಾರಪ್ಪನ ವಕೀಲರು ಹಾಜರುಪಡಿಸಿದ್ದರು. ಹನಿ ನೀರಿಲ್ಲದ ಹೊಳೆಯಿಂದ ತುಂಬಿದ ಮರಳಿನಿಂದ ನೀರು ಸೋರಿದ್ದು ಹೇಗೆ ಎಂದು ನ್ಯಾಯಮೂರ್ತಿಗಳು ಕೇಳಿದ್ದರು. ಜಪ್ತಿ ರದ್ದಾಗಿತ್ತು.

"ಭೇಷ್ ಕಣಮ್ಮ," ಎಂದರು ಗುರುಶಾಂತಪ್ಪನವರು, ಕನ್ನಡಕದ ಮೇಲಿಂದ ನನ್ನನ್ನು ನೋಡಿ. "ಬೇಕಂತ್ಲೇ ಕಿಂಡಿ ಬಿಟ್ಟು ಟೈಪ್ ಮಾಡೀರಿ. ಅವ ನಿಮಗೇನು ಬೀಗನೋ?"

ಎಲ್ಲರೂ ನಕ್ಕರು. ಆ ನಗು ಅಲ್ಲಿಗೇ ನಿಂತಿದ್ದರೆ ಚೆನ್ನಾಗಿತ್ತು. ಮರುದಿನದಿಂದ ಮಧ್ಯಾಹ್ನದ ಊಟದ ಡಬ್ಬಿಗಳು ನನ್ನನ್ನು ಬಿಟ್ಟು ಬೇರೆ ಕೋಣೆಯಲ್ಲಿ ತೆರೆದುಕೊಂಡವು. ನಾನು ಹೋದಲ್ಲಿ ಮಾತು ನಿಲ್ಲುತ್ತಿತ್ತು.

ವಾರದ ನಂತರ ಮೈಲಾರಪ್ಪ ಹೊಸ ಬ್ಯಾಟರಿ ಹೊತ್ತು ಬಂದ. ಚೀಲಗಳನ್ನು ಇಳಿಸಿ, ಚಕ್ರಗಳಿಗೆ ಗಾಳಿ ತುಂಬಿ, ಕಿಟಕಿಯ ಬಳಿ ಬಂದು ನಿಂತ. ಮುಖ ಅರಳಿತ್ತು.

"ಅಕ್ಕಾರೆ, ಇಡೀ ಕಚೇರಿಯಾಗೆ ನೀವೊಬ್ರೇ ನನ್ನ ಕಡೆ ಇದ್ರಿ. ಅವತ್ತು ನನಗ ತಿಳೀಲಿಲ್ಲ. ಬೇಕಂತ್ಲೇ ಆ ಸಾಲು ಬರೆದ್ರಿ, ಹೌದಿಲ್ರಿ?"

ಹೌದು ಎನ್ನಬಹುದಿತ್ತು. ಆ ಕಚೇರಿಯಲ್ಲಿ ನನ್ನನ್ನು ನೋಡಿ ನಗುತ್ತಿದ್ದ ಮುಖ ಆಗ ಅದೊಂದೇ. ಎದ್ದು ಹೊರಗೆ ಹೋದೆ.

"ಇಲ್ಲ ಮೈಲಾರಪ್ಪ. ನೀನು ತೋರಿಸಿದರೂ ನಾನು ಮರಳು ನೋಡಲಿಲ್ಲ. ಹಳೇದನ್ನೇ ನೋಡಿ ಇಳಿಸಿದೆ. ಆ ಸಾಲಿನಿಂದಲೇ ನಿನ್ನ ಗಾಡಿ ಇಷ್ಟು ದಿನ ಇಲ್ಲಿ ನಿಂತಿದ್ದು."

"ಎರಡು ವರ್ಷ ಮೂಟೆ ಹೊತ್ತೀನ್ರಿ," ಎಂದ. ಹೋಗಿ ಆಟೊ ಹತ್ತಿ ಕೀಲಿ ತಿರುಗಿಸಿದ.

ಆಟೊ ಚಾಲೂ ಆಗಲಿಲ್ಲ. ಬಯಲಲ್ಲಿ ಬೇರೆ ಯಾರೂ ಇರಲಿಲ್ಲ. ಅವನು ಕರೆಯಲೂ ಇಲ್ಲ. ನಾನೇ ಹಿಂದೆ ಹೋಗಿ ಕೈ ಕೊಟ್ಟೆ. ಅವನು ಪಕ್ಕದಿಂದ, ನಾನು ಹಿಂದಿನಿಂದ ನೂಕಿದೆವು. ಗೇಟಿನ ಇಳಿಜಾರಿನಲ್ಲಿ ಇಂಜಿನ್ನು ಕೆಮ್ಮಿ ಹತ್ತಿಕೊಂಡಿತು. ಹಾರಿ ಕುಳಿತವನು ತಿರುಗಿ ನೋಡದೆ ಹೋದ.

ಒಳಗೆ ಬಂದಾಗ ನನ್ನ ಮೇಜಿನ ಮೇಲೆ ಹೊಸ ಮಹಜರಿಗೆಂದು ಬಿಳಿ ಹಾಳೆ ಇಟ್ಟಿದ್ದರು. ಪಕ್ಕದಲ್ಲಿ ನೋಡಿ ಇಳಿಸಲು ಹಳೆಯದೊಂದು. ನನ್ನ ಎರಡೂ ಅಂಗೈಗಳಿಗೆ ತುಕ್ಕು ಹತ್ತಿತ್ತು. ಯಾವ ಕಾಗದವನ್ನೂ ಮುಟ್ಟದೆ, ಕೈಗಳನ್ನು ತೊಡೆಯ ಮೇಲೆ ಅಂಗಾತ ಇಟ್ಟುಕೊಂಡು ಕೂತೆ.